ಉಪ್ಪುಹಿಟ್ಟಿನ ಅಲಂಕಾರ: ಎಂಟು ಸೂತ್ರಗಳು

1882ರಲ್ಲಿ ಮೈಸೂರು ಮಹಾರಾಜರು ಕೊಟ್ಟ ಜಮೀನಿನಲ್ಲಿ ಆಂಗ್ಲೋ-ಇಂಡಿಯನ್ನರು ಕಟ್ಟಿಕೊಂಡ ಊರು ವೈಟ್‌ಫೀಲ್ಡ್. ಕ್ರಿಸ್‌ಮಸ್ ಅಲ್ಲಿ ಐಟಿ ಕಂಪನಿಗಳಿಗಿಂತ ಹಳೆಯದು. ಈಗ ಅಲ್ಲಿಯ ಅಪಾರ್ಟ್‌ಮೆಂಟ್‌ಗಳಲ್ಲಿ, ಎಲೆಕ್ಟ್ರಾನಿಕ್ ಸಿಟಿಯಲ್ಲಿ, ಪೀಣ್ಯದ ಬಾಡಿಗೆ ಮನೆಗಳಲ್ಲಿ ದಸರಾದಿಂದ ಕ್ರಿಸ್‌ಮಸ್‌ವರೆಗೂ ಬಾಗಿಲಿಗೆ ಅಲಂಕಾರ ಬೇಕು. ಮೈದಾ, ಉಪ್ಪು, ನೀರು ಇದ್ದರೆ ಅದು ಮನೆಯಲ್ಲೇ ಆಗುತ್ತದೆ. ಕೈಚಳಕ ಕಡಿಮೆಯಿದ್ದರೂ ಪರವಾಗಿಲ್ಲ, ಒಣಗಿಸುವ ತಾಳ್ಮೆ ಇರಲಿ.

1. ಅಳತೆ ತಪ್ಪಬೇಡಿ. ಎರಡು ಲೋಟ ಮೈದಾಕ್ಕೆ ಒಂದು ಲೋಟ ಪುಡಿ ಉಪ್ಪು. ನೀರು ಮುಕ್ಕಾಲು ಲೋಟ. ಸಾಲದಿದ್ದರೆ ಚಮಚದ ಲೆಕ್ಕದಲ್ಲಿ ಸೇರಿಸಿ. ಕಲ್ಲುಪ್ಪಾದರೆ ಮೊದಲು ಮಿಕ್ಸಿಯಲ್ಲಿ ಪುಡಿಮಾಡಿ. ಅಡುಗೆ ಸೋಡಾ ಬೇಡವೇ ಬೇಡ, ಉಬ್ಬಿ ಆಕಾರ ಕೆಡುತ್ತದೆ.

2. ಹತ್ತು ನಿಮಿಷ ನಾದಿ. ಪೂರಿ ಹಿಟ್ಟಿನ ಹದ ಬರಬೇಕು. ಅಂಟಿದರೆ ಚಿಟಿಕೆ ಮೈದಾ, ಬಿರಿದರೆ ಒದ್ದೆ ಕೈ.

3. ಅರ್ಧ ಸೆಂಟಿಮೀಟರ್ ದಪ್ಪಕ್ಕೆ ಲಟ್ಟಿಸಿ. ದಪ್ಪವಾದರೆ ಒಳಗೆ ಹಸಿ ಉಳಿಯುತ್ತದೆ, ತೀರಾ ತೆಳುವಾದರೆ ಅಂಚು ಮುರುಟುತ್ತದೆ.

4. ಅಚ್ಚು ಕೊಳ್ಳಬೇಡಿ. ಬಳೆ, ಬಾಟಲಿ ಮುಚ್ಚಳ ಸಾಕು. ಸಂಕ್ರಾಂತಿಯ ಸಕ್ಕರೆ ಅಚ್ಚಿನ ಮರದ ಹಲಗೆಗೆ ಮೈದಾ ಉದುರಿಸಿ ಹಿಟ್ಟು ಒತ್ತಿದರೆ ಆನೆ, ಬೃಂದಾವನ ಮೂಡುತ್ತವೆ. ಹೊಂಗೆ ಎಲೆಯ ಬೆನ್ನು ಒತ್ತಿದರೆ ನರನರವೂ ಕಾಣುತ್ತದೆ.

5. ತೂತು ಹಸಿಯಿದ್ದಾಗಲೇ. ಅಂಚಿನಿಂದ ಒಂದು ಸೆಂಟಿಮೀಟರ್ ಒಳಗೆ ಸ್ಟ್ರಾದಿಂದ ಚುಚ್ಚಿ. ಒಣಗಿದ ಮೇಲೆ ಕೊರೆದರೆ ಬಿರಿಯುತ್ತದೆ.

6. ನಿಧಾನವಾಗಿ ಒಣಗಿಸಿ. ಓಟಿಜಿಯಲ್ಲಿ 100ರಿಂದ 120 ಡಿಗ್ರಿ, ಎರಡು-ಮೂರು ಗಂಟೆ, ನಡುವೆ ಒಮ್ಮೆ ಮಗುಚಿ. ಶಾಖ ಹೆಚ್ಚಾದರೆ ಗುಳ್ಳೆ ಏಳುತ್ತದೆ. ಓವನ್ ಇಲ್ಲವೇ? ತಂತಿಯ ಜಾಲರಿಯ ಮೇಲೆ ಹರಡಿ, ದಿನವೂ ಮಗುಚುತ್ತಾ ಫ್ಯಾನ್ ಕೆಳಗೆ ಮೂರ್ನಾಲ್ಕು ದಿನ ಬಿಡಿ. ದಸರಾ, ದೀಪಾವಳಿ ಹೊತ್ತಿಗೆ ಹಿಂಗಾರು ಮಳೆ ಇರುತ್ತದೆ; ಆಗ ಒಂದು ವಾರ ಮೊದಲೇ ಶುರುಮಾಡಿ. ಡಿಸೆಂಬರ್‌ನ ಒಣಹವೆ ಈ ಕೆಲಸಕ್ಕೆ ಹೇಳಿಮಾಡಿಸಿದ್ದು.

7. ವಾರ್ನಿಷ್ ಬಿಡಬೇಡಿ. ಉಪ್ಪು ಗಾಳಿಯ ತೇವ ಹೀರಿ ಮೆತ್ತಗಾಗುತ್ತದೆ. ಪೂರ್ತಿ ಆರಿದ ಮೇಲೆ ಅಕ್ರಿಲಿಕ್ ಬಣ್ಣ ಹಚ್ಚಿ, ಮುಂದೆ, ಹಿಂದೆ, ತೂತಿನೊಳಗೂ ವಾರ್ನಿಷ್ ಬಳಿಯಿರಿ. ಮಳೆ ಎರಚುವ ಬಾಲ್ಕನಿಗೆ ತೂಗುಹಾಕಬೇಡಿ.

8. ನಾಯಿಗೆ ಎಟುಕದಂತೆ ಇಡಿ. ಇಷ್ಟೊಂದು ಉಪ್ಪು ಅದರ ಹೊಟ್ಟೆಗೆ ಹೋದರೆ ಪ್ರಾಣಕ್ಕೇ ಅಪಾಯ. ಪುಟ್ಟ ಮಕ್ಕಳ ಬಾಯಿಗೂ ಹೋಗದಿರಲಿ.

ಹಬ್ಬ ಮುಗಿದ ಮೇಲೆ ಕಾಗದದಲ್ಲಿ ಸುತ್ತಿ, ಗಾಳಿಯಾಡದ ಡಬ್ಬಿಯಲ್ಲಿ ಸಿಲಿಕಾ ಜೆಲ್ ಪೊಟ್ಟಣದ ಜೊತೆ ಇಡಿ. ಮುರಿದದ್ದನ್ನು ಹೂಕುಂಡಕ್ಕಾಗಲಿ ಕಾಂಪೋಸ್ಟ್ ಬುಟ್ಟಿಗಾಗಲಿ ಹಾಕಬೇಡಿ. ಉಪ್ಪು ಗಿಡಕ್ಕೂ ಎರೆಹುಳುವಿಗೂ ಆಗದು. ಒಳಗಿನವರೆಗೆ ಒಣಗಿದ್ದರೆ ಮುಂದಿನ ವರ್ಷವೂ ಅದನ್ನೇ ತೂಗುಹಾಕಬಹುದು.