ಸರ್ ಎಂ. ವಿಶ್ವೇಶ್ವರಯ್ಯ: ಮುಖ್ಯ ಇಂಜಿನಿಯರ್ ಹುದ್ದೆಯಿಂದ ದಿವಾನಗಿರಿಗೆ

ಮೋಕ್ಷಗುಂಡಂ ವಿಶ್ವೇಶ್ವರಯ್ಯ ಹುಟ್ಟಿದ್ದು ಈಗಿನ ಚಿಕ್ಕಬಳ್ಳಾಪುರ ಜಿಲ್ಲೆಯ ಮುದ್ದೇನಹಳ್ಳಿಯಲ್ಲಿ. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಬಿ.ಎ., ಪುಣೆಯಲ್ಲಿ ಇಂಜಿನಿಯರಿಂಗ್ ಓದಿ, 1884ರಲ್ಲಿ ಮುಂಬಯಿ ಪ್ರಾಂತದ ಲೋಕೋಪಯೋಗಿ ಇಲಾಖೆಗೆ ಸೇರಿದರು. ಅವರು ರೂಪಿಸಿದ ಸ್ವಯಂಚಾಲಿತ ಗೇಟುಗಳನ್ನು 1903ರಲ್ಲಿ ಖಡಕ್‌ವಾಸ್ಲಾ ಜಲಾಶಯಕ್ಕೆ ಅಳವಡಿಸಲಾಯಿತು. 1908ರ ಮೂಸಿ ಪ್ರವಾಹದ ಬಳಿಕ ಹೈದರಾಬಾದಿಗೆ ನೆರೆ ತಡೆಯುವ ಯೋಜನೆ ಸಿದ್ಧಪಡಿಸಿದರು.

1909ರಲ್ಲಿ ಮೈಸೂರು ಸಂಸ್ಥಾನದ ಮುಖ್ಯ ಇಂಜಿನಿಯರ್ ಆದರು. 1911ರಲ್ಲಿ ಕನ್ನಂಬಾಡಿ ಅಣೆಕಟ್ಟೆಯ ಕೆಲಸ ಆರಂಭವಾಯಿತು. ನಾಲ್ವಡಿ ಕೃಷ್ಣರಾಜ ಒಡೆಯರ್ ಆಳ್ವಿಕೆಯಲ್ಲಿ 1912ರಿಂದ 1918ರವರೆಗೆ ದಿವಾನರಾಗಿದ್ದರು. ಈ ಅವಧಿಯ ಮುಖ್ಯ ಸಂಸ್ಥೆಗಳು: ಮೈಸೂರು ಬ್ಯಾಂಕ್ (1913), ಕನ್ನಡ ಸಾಹಿತ್ಯ ಪರಿಷತ್ತು (1915), ಮೈಸೂರು ವಿಶ್ವವಿದ್ಯಾಲಯ (1916), ಬೆಂಗಳೂರಿನ ಇಂಜಿನಿಯರಿಂಗ್ ಕಾಲೇಜು (1917).

1955ರಲ್ಲಿ ಭಾರತರತ್ನ ಪಡೆದ ಅವರು 1962ರ ಏಪ್ರಿಲ್‌ನಲ್ಲಿ ನಿಧನರಾದರು. ಅವರ ಜನ್ಮದಿನವಾದ ಸೆಪ್ಟೆಂಬರ್ 15ನ್ನು ಭಾರತದಲ್ಲಿ ಇಂಜಿನಿಯರುಗಳ ದಿನವಾಗಿ ಆಚರಿಸಲಾಗುತ್ತದೆ.