ಹೊಳೆದಂಡೆ ಯಾರದು?

ನಮ್ಮ ತಲ್ಲೂರು ಹೊಳೆಗಳ ಸೀಮೆ. ಸೌಪರ್ಣಿಕಾ, ಚಕ್ರಾ, ವಾರಾಹಿ ಮುಂತಾದ ಐದು ಹೊಳೆಗಳು ಕುಂದಾಪುರದ ಹತ್ತಿರ ಸೇರುತ್ತವೆ. ಅದೇ ಪಂಚಗಂಗಾವಳಿ. ಅಲ್ಲಿಂದ ಮುಂದೆ ಕಡಲು.

ಹೊಳೆ ನಮಗೆ ಮೀನು ಕೊಟ್ಟಿತು. ಹೊಳೆ ಬದಿಯ ನೆಲ ಜೇಡಿಮಣ್ಣು ಕೊಟ್ಟಿತು. ಆ ಮಣ್ಣಿನಿಂದ ಹಂಚು ಆಯಿತು.

1865ರಲ್ಲಿ ಬಾಸೆಲ್ ಮಿಶನ್‌ನವರು ಮಂಗಳೂರಿನ ಜೆಪ್ಪುವಿನಲ್ಲಿ ಹಂಚಿನ ಕಾರ್ಖಾನೆ ತೆರೆದರು. ಆಮೇಲೆ ಕರಾವಳಿಯಲ್ಲಿ ಇಂಥ ಕಾರ್ಖಾನೆಗಳು ಹೆಚ್ಚಿದವು. ನಮ್ಮ ತಾಲೂಕಿಗೂ ಬಂದವು. ಹೆಚ್ಚಿನವು ಹೊಳೆ ಬದಿಯಲ್ಲೇ. ಯಾಕೆ? ಮಣ್ಣು, ಸೌದೆ ದೋಣಿಯಲ್ಲಿ ಬರುತ್ತಿತ್ತು. ಸುಟ್ಟ ಹಂಚು ದೋಣಿಯಲ್ಲೇ ಹೋಗುತ್ತಿತ್ತು.

ಮಣ್ಣು ಅರೆಯುವುದು, ಅಚ್ಚು ಒತ್ತುವುದು, ಒಣಗಿಸುವುದು, ಸುಡುವುದು. ಎಷ್ಟೋ ಗಂಡಸರು, ಹೆಂಗಸರು ಈ ಕೆಲಸದಿಂದ ಮನೆ ನಡೆಸಿದರು. ಆಮೇಲೆ ಕಾಂಕ್ರೀಟ್ ಮಾಡು ಬಂತು. ಮಣ್ಣು, ಸೌದೆ ದುಬಾರಿಯಾಯಿತು. ಒಂದೊಂದೇ ಕಾರ್ಖಾನೆ ಬಾಗಿಲು ಹಾಕಿತು.

ಕಾರ್ಖಾನೆ ನಿಂತ ಮೇಲೆ ಆ ಜಾಗ ಏನಾಗಬೇಕು? ಬೇರೆ ಊರಿನವರು ಏನು ಮಾಡಿದರು, ನೋಡೋಣ.

ಅಮೆರಿಕದಲ್ಲಿ ಮಿನಿಯಾಪೊಲಿಸ್ ಎಂಬ ಪಟ್ಟಣ ಇದೆ. ಅಲ್ಲಿ ಮಿಸಿಸಿಪ್ಪಿ ಹೊಳೆ ಹರಿಯುತ್ತದೆ. ಹೊಳೆಯ ನೀರಿನ ಬಲದಿಂದ ದೊಡ್ಡ ದೊಡ್ಡ ಹಿಟ್ಟಿನ ಗಿರಣಿಗಳು ತಿರುಗುತ್ತಿದ್ದವು. ಕಾಲ ಬದಲಾಯಿತು, ಗಿರಣಿಗಳು ನಿಂತವು. ಅವುಗಳ ಗೋಡೆ, ಕಾಲುವೆ ಮಣ್ಣಿನಡಿ ಹೂತುಹೋದವು. ಅಲ್ಲಿಯವರು ಮಣ್ಣು ಅಗೆದು ಅವನ್ನು ಹೊರಗೆ ತೆಗೆದರು. 2001ರಲ್ಲಿ ಅಲ್ಲಿ ಉದ್ಯಾನ ತೆರೆಯಿತು. ಮೋಟುಗೋಡೆಗಳನ್ನು ಹಾಗೇ ಉಳಿಸಿದರು. ಜನ ಬಂದು ಕೂರುತ್ತಾರೆ, ಅಜ್ಜ ಅಜ್ಜಿಯರ ಕಾಲದ ದುಡಿಮೆ ನೋಡುತ್ತಾರೆ.

ನಮ್ಮಲ್ಲೂ ಇಂಥದು ಆಗಬಹುದಲ್ವಾ? ಆಗಬಹುದು. ಆದರೆ ಮೊದಲು ಒಂದು ವಿಷಯ ತಿಳಿಯಬೇಕು. ಜಾಗ ಯಾರದು?

ಕಾರ್ಖಾನೆಯ ಜಾಗ ಖಾಸಗಿಯವರದಾಗಿದ್ದರೆ ಅವರ ಒಪ್ಪಿಗೆ ಬೇಕು. ಸರ್ಕಾರದ್ದಾದರೆ ದಾಖಲೆಯಲ್ಲಿ ಹಾಗೇ ಇರುತ್ತದೆ. ಹೊಳೆ ಬದಿಯ ಸರ್ಕಾರಿ ಜಾಗಕ್ಕೆ 'ಪರಂಬೋಕು' ಎನ್ನುವುದುಂಟು. ಅದಕ್ಕೆ ಯಾರೋ ಬೇಲಿ ಹಾಕಿದರೆ ಅದು ಅವರದಾಗುವುದಿಲ್ಲ.

ತಿಳಿಯುವುದು ಹೇಗೆ? ನಾಡಕಚೇರಿಯಲ್ಲಿ ಸರ್ವೆ ನಂಬರು ಹೇಳಿ ಪಹಣಿ ಕೇಳಿ. 9ನೇ ಕಾಲಂ ಓದಿ. ಯಾರ ಹೆಸರಿದೆ ಅಂತ ಅಲ್ಲಿ ಗೊತ್ತಾಗುತ್ತದೆ. ಬೇರೆಯವರು ಓದಿ ಹೇಳುವುದು ಬೇಡ. ಈಗ ನಿಮಗೇ ಓದಲು ಬರುತ್ತದೆ.

ಆಮೇಲೆ ಗ್ರಾಮಸಭೆ. ಆರು ತಿಂಗಳಿಗೊಮ್ಮೆಯಾದರೂ ಅದು ಸೇರಬೇಕು. ಅಲ್ಲಿ ಎದ್ದು ನಿಂತು ಕೇಳಿ. ಬಾಯಲ್ಲಿ ಹೇಳಿದರೆ ಸಾಲದು, ಅರ್ಜಿ ಬರೆದು ಕೊಡಿ, ಸ್ವೀಕೃತಿ ಪಡೆಯಿರಿ. ಇನ್ನೊಂದು ಮಾತು. ಉಬ್ಬರ ಇಳಿತ ಇರುವ ಹೊಳೆಯ ಬದಿಗೂ ಕರಾವಳಿ ನಿಯಂತ್ರಣ ವಲಯದ ಕಾನೂನು ಇದೆ. 1991ರಲ್ಲಿ ಅದು ಮೊದಲು ಬಂತು. ಅಲ್ಲಿ ಕಟ್ಟಡ ಕಟ್ಟಲು ಅನುಮತಿ ಬೇಕು.

ಉದ್ಯಾನ ಅಂದರೆ ಬರೀ ಹೂವಿನ ಗಿಡ ಅಲ್ಲ. ದುಡಿದವರು ದಣಿವಾರಿಸಿಕೊಳ್ಳುವ ಜಾಗ. ಮಕ್ಕಳು ಹೊಳೆ ನೋಡುವ ಜಾಗ. ದಂಡೆ ಎಲ್ಲರಿಗೂ ಉಳಿಯಬೇಕಾದರೆ ನಾವೇ ಓದಬೇಕು, ನಾವೇ ಕೇಳಬೇಕು.

ಮಾತಾಡೋಣ, ಬರೆಯೋಣ
1. ಹಂಚಿನ ಕಾರ್ಖಾನೆಗಳು ಹೊಳೆ ಬದಿಯಲ್ಲಿ ಯಾಕೆ ಬಂದವು?
2. ನಿಮ್ಮ ಮನೆಯಲ್ಲಿ ಹಂಚಿನ ಕೆಲಸ ಮಾಡಿದವರು ಇದ್ದಾರೆಯೇ? ಅವರ ಮಾತು ಕೇಳಿ ಐದು ಸಾಲು ಬರೆಯಿರಿ.
3. ಹೊಳೆಗೆ ಇಳಿಯುವ ದಾರಿ ಉಳಿಸಲು ಪಂಚಾಯತಿಗೆ ಒಂದು ಅರ್ಜಿ ಬರೆಯಿರಿ.