ಮರಗಳ ನಡುವಣ ನೆಲ

ಒಮ್ಮೆ ನೆಟ್ಟು ಹಲವು ವರ್ಷಗಳ ಕಾಲ ಫಲ ಪಡೆಯುವ ಬೆಳೆಗಳಿಗೆ ಬಹುವಾರ್ಷಿಕ ಬೆಳೆಗಳೆಂದು ಹೆಸರು. ಭತ್ತವು ಕೆಲವೇ ತಿಂಗಳುಗಳಲ್ಲಿ ತನ್ನ ಬಾಳನ್ನು ಮುಗಿಸುವುದು. ನಮ್ಮ ಕಾಸರಗೋಡು ಸೀಮೆಯ ಎತ್ತರದ ತಳಿಯ ತೆಂಗಾದರೋ ಆರೇಳು ವರ್ಷಗಳಲ್ಲಿ ಫಲಕ್ಕೆ ಬಂದು, ಅರುವತ್ತು ವರ್ಷ ಕಳೆದರೂ ಕಾಯಿ ಕೊಡುತ್ತಿರುವುದು. ಪ್ರತಿವರ್ಷವೂ ಉಳಬೇಕಾಗಿಲ್ಲದುದರಿಂದ ಮಳೆಗಾಲದ ಜಡಿಮಳೆಗೆ ಮಣ್ಣು ಕೊಚ್ಚಿಹೋಗುವುದೂ ಕಡಿಮೆ. ಆದರೆ ಮರ ನೆಟ್ಟ ಮಾತ್ರಕ್ಕೆ ಕೃಷಿಯು ಸುಸ್ಥಿರವಾಗುವುದೇ? ಈ ಪ್ರಶ್ನೆಗೆ ನಮ್ಮ ಜಿಲ್ಲೆಯೇ ಎರಡು ಪಾಠಗಳನ್ನು ಒದಗಿಸಿದೆ.

ಮೊದಲನೆಯದು ಲೆಕ್ಕದ ಪಾಠ. ತೆಂಗಿನ ಸಸಿಗಳನ್ನು 7.5 ಮೀಟರ್ ಅಂತರದಲ್ಲಿ ಚೌಕವಾಗಿ ನೆಟ್ಟರೆ ಒಂದು ಮರಕ್ಕೆ 56.25 ಚದರ ಮೀಟರ್ ನೆಲ ದೊರೆಯುವುದು. ಮರದ ಬೇರುಗಳಲ್ಲಿ ಹೆಚ್ಚಿನವು ಬುಡದ ಸುತ್ತ 2 ಮೀಟರಿನೊಳಗೇ ಹರಡಿರುವುವು. ಆ ವೃತ್ತದ ವಿಸ್ತೀರ್ಣ ಸುಮಾರು 12.6 ಚದರ ಮೀಟರ್. ಎಂದರೆ ನೆಲದ ನಾಲ್ಕನೆಯ ಒಂದಂಶಕ್ಕಿಂತಲೂ ಕಡಿಮೆ. ಉಳಿದ ನೆಲದಲ್ಲಿ ಬಾಳೆ, ಕೊಕ್ಕೋಗಳನ್ನು ಬೆಳೆಯಬಹುದು. ಬೆಳೆದ ಮರದ ಕಾಂಡಕ್ಕೆ ಕರಿಮೆಣಸಿನ ಬಳ್ಳಿಯನ್ನು ಹಬ್ಬಿಸಬಹುದು. ತೋಟಕ್ಕೆ ಎಂಟರಿಂದ ಇಪ್ಪತ್ತೈದು ವರ್ಷಗಳಾಗುವವರೆಗೆ ನೆರಳು ದಟ್ಟವಾಗಿರುವುದರಿಂದ ಆ ಅವಧಿಯಲ್ಲಿ ಉಪಬೆಳೆಯನ್ನು ವಿವೇಚಿಸಿ ಆರಿಸಬೇಕು. ಉದುರಿದ ಎಲೆ, ಮಡಲು, ಸೊಪ್ಪುಗಳನ್ನು ಸುಡದೆ ಬುಡಕ್ಕೆ ಹೊದಿಸಿದರೆ ತೇವ ಉಳಿದು, ಕ್ರಮೇಣ ಅವೇ ಗೊಬ್ಬರವಾಗುವುವು. ಒಂದು ಬೆಳೆಯ ಬೆಲೆ ಕುಸಿದ ವರ್ಷ ಇನ್ನೊಂದು ಬೆಳೆಯು ಮನೆಯನ್ನು ಕಾಯುವುದು.

ಎರಡನೆಯದು ದುಃಖದ ಪಾಠ. ಗೇರು ಸಹ ಬಹುವಾರ್ಷಿಕ ಬೆಳೆಯೇ. ಆದರೆ ಜಿಲ್ಲೆಯ ಗುಡ್ಡಗಳ ಮೇಲೆ ವಿಸ್ತಾರವಾಗಿ ಅದೊಂದನ್ನೇ ಬೆಳೆದ ತೋಟಗಳಲ್ಲಿ ಚಿಗುರನ್ನೂ ಹೂವನ್ನೂ ಕೆಡಿಸುವ ಟೀ ಸೊಳ್ಳೆಯ ನಿವಾರಣೆಗೆಂದು 1970ರ ದಶಕದ ಕೊನೆಯಿಂದ 2000ದವರೆಗೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸಿಂಪಡಿಸಲಾಯಿತು. ಗುಡ್ಡದ ಕೆಳಗೆ ಮನೆಗಳಿದ್ದುವು, ತೋಡುಗಳಿದ್ದುವು, ಕುಡಿಯುವ ನೀರಿನ ಸುರಂಗಗಳಿದ್ದುವು. ಎಣ್ಮಕಜೆಯ ಪಡ್ರೆಯಂಥ ಊರುಗಳ ಮಕ್ಕಳಲ್ಲಿ ಕಂಡುಬಂದ ಅಂಗವೈಕಲ್ಯ, ಬುದ್ಧಿಮಾಂದ್ಯಗಳು ನಾಡಿನ ಕಣ್ಣು ತೆರೆಸಿದುವು. 2011ರಲ್ಲಿ ಸರ್ವೋಚ್ಚ ನ್ಯಾಯಾಲಯವು ಆ ವಿಷವನ್ನು ದೇಶದಾದ್ಯಂತ ನಿಷೇಧಿಸಿತು. ಆದರೆ ಶಾಲೆಯ ಮೆಟ್ಟಿಲನ್ನು ಹತ್ತಲಾರದೆ ಹೋದ ಮಕ್ಕಳಿಗೆ ಕಳೆದುಹೋದ ಬಾಲ್ಯವನ್ನು ಯಾವ ತೀರ್ಪೂ ಮರಳಿ ತಾರದು.

ಇವೆರಡರಿಂದ ನಾವು ತಿಳಿಯಬೇಕಾದುದು ಇಷ್ಟೇ: ಮರದ ಆಯುಸ್ಸು ದೀರ್ಘವಾಗಿದ್ದರೆ ಸಾಲದು, ಅದರ ಸುತ್ತಣ ಮಣ್ಣು, ನೀರು, ಮನುಷ್ಯರ ಆಯುಸ್ಸೂ ದೀರ್ಘವಾಗಬೇಕು. ಮರವನ್ನು ಮಾತ್ರ ನೋಡುವವನು ಅರ್ಧ ಕೃಷಿಕ. ಮರಗಳ ನಡುವಣ ನೆಲವನ್ನೂ ನೋಡುವವನೇ ಪೂರ್ಣ ಕೃಷಿಕ.

ವಿದ್ಯಾರ್ಥಿಗಳು ಈ ರಜೆಯಲ್ಲಿ ತಮ್ಮ ಮನೆಯ ಅಥವಾ ನೆರೆಮನೆಯ ತೋಟದಲ್ಲಿ ಎರಡು ತೆಂಗುಗಳ ಅಂತರವನ್ನು ಅಳೆದು, ನಡುವೆ ಏನಿದೆ, ಏನು ಬೆಳೆಯಬಹುದು ಎಂಬುದನ್ನು ಹಿರಿಯರಿಂದ ಕೇಳಿ ಬರೆದು ತರಲಿ. ಅಲ್ಲಿ ನೆಲ ಬರಿದಾಗಿದ್ದರೆ ಒಂದು ಮೆಣಸಿನ ಬಳ್ಳಿಯನ್ನಾದರೂ ನೆಡಲಿ. ಪುಸ್ತಕದ ಪಾಠವು ಪರೀಕ್ಷೆಯೊಂದಿಗೆ ಮುಗಿಯಬಹುದು. ನೆಟ್ಟ ಬಳ್ಳಿಯ ಪಾಠವು ಅಂದು ಆರಂಭವಾಗುವುದು.